ಪೂಜೆಯಿಲ್ಲದ ದೈವಗಳು: ಅಮೆರಿಕದ ಚಿತ್ರಕಥೆಗಳಲ್ಲಿ ವಿಶ್ವಶಕ್ತಿಗಳ ಕಲ್ಪನೆ

ಇತಿಹಾಸದ ಆಕರಗಳೆಂದೊಡನೆ ನಮ್ಮ ಮನಸ್ಸಿಗೆ ಬರುವುವು ಶಾಸನ, ನಾಣ್ಯ, ಕಡತ, ಪ್ರವಾಸಕಥನ ಮೊದಲಾದುವು. ಹತ್ತು ಹನ್ನೆರಡು ಸೆಂಟುಗಳ ಬೆಲೆಗೆ ಬೀದಿಯಂಗಡಿಗಳಲ್ಲಿ ಮಾರಾಟವಾಗಿ, ಓದಿ ಮುಗಿದೊಡನೆ ರದ್ದಿಗೆ ಸೇರುತ್ತಿದ್ದ ಅಮೆರಿಕದ ಚಿತ್ರಕಥಾಪತ್ರಿಕೆಗಳನ್ನು ಆ ಪಂಕ್ತಿಯಲ್ಲಿ ಕುಳ್ಳಿರಿಸಲು ವಿದ್ವಾಂಸರು ಹಿಂಜರಿಯುವುದು ಸಹಜವೇ. ಆದರೆ ಒಂದು ಕಾಲದ ಜನ ತಮ್ಮ ಭಯಗಳಿಗೆ ಎಂಥ ಆಕಾರವನ್ನು ಕೊಟ್ಟರೆಂಬುದನ್ನು ಅರಸಹೊರಟವರಿಗೆ ರದ್ದಿಯೂ ಆಕರವೇ. ಕೆಲವೊಮ್ಮೆ ಕಡತಗಳಿಗಿಂತ ಅದು ಹೆಚ್ಚು ನಿರ್ವಂಚನೆಯಿಂದ ನುಡಿಯುವುದೂ ಉಂಟು. ಏಕೆಂದರೆ ಅದನ್ನು ಸಿದ್ಧಪಡಿಸಿದವರು ಮುಂದೊಂದು ದಿನ ಇತಿಹಾಸಕಾರನ ಕಣ್ಣು ಅದರ ಮೇಲೆ ಬಿದ್ದೀತೆಂದು ಎಣಿಸಿದವರಲ್ಲ.

ಈ ಪತ್ರಿಕೆಗಳ ನಾಯಕರಾದ ಅತಿಮಾನವರ ವಿಷಯ ನಮ್ಮ ವಿದ್ಯಾರ್ಥಿಗಳಿಗೆ ತಿಳಿದೇ ಇದೆ. ಪ್ರಕೃತ ಲೇಖನದಲ್ಲಿ ನಾವು ವಿಚಾರಿಸಹೊರಟಿರುವುದು ಅವರನ್ನು ಕುರಿತಲ್ಲ. ಅದೇ ಪುಟಗಳಲ್ಲಿ, ಆ ನಾಯಕರ ತಲೆಯ ಮೇಲೆ ಬಹು ಎತ್ತರದಲ್ಲಿ, ಬೇರೊಂದು ವರ್ಗದ ವ್ಯಕ್ತಿಗಳು ನಿಂತಿದ್ದಾರೆ. ಗ್ರಹಗಳನ್ನೇ ಆಹಾರವಾಗಿ ಉಳ್ಳವನೊಬ್ಬ. ನಕ್ಷತ್ರಮಂಡಲಗಳೇ ಮೈಯಾಗಿ ಉಳ್ಳವನೊಬ್ಬ. ಸಮಸ್ತ ಲೋಕಗಳಿಗೆ ತೀರ್ಪು ಹೇಳುವ ಮೂರು ಮುಖದವನೊಬ್ಬ. ಇವರನ್ನು ನಾವು ವಿಶ್ವಶಕ್ತಿಗಳೆಂದು ಕರೆಯೋಣ. ಇವರು ಪುರಾತನ ದೇವತೆಗಳ ಪುನರವತಾರಗಳೆಂಬ ಮಾತು ಸಾಮಾನ್ಯವಾಗಿ ಕೇಳಿಬರುತ್ತದೆ. ನಮಗೆ ಅದು ಸರಿಯೆಂದು ತೋರುವುದಿಲ್ಲ. ಇವರಿಗೆ ಗುಡಿಯಿಲ್ಲ, ಹರಕೆಯಿಲ್ಲ, ಪ್ರಸಾದವಿಲ್ಲ. ಮನುಷ್ಯನ ಒಳಿತು ಕೆಡಕುಗಳು ಇವರ ಲೆಕ್ಕಕ್ಕೆ ಬರುವುದಿಲ್ಲ. ಮುಷ್ಟಿಯುದ್ಧವೊಂದನ್ನೇ ಬಲ್ಲ ಕಥಾಪ್ರಕಾರವೊಂದು ಮುಷ್ಟಿಗೆ ನಿಲುಕದ ಶಕ್ತಿಯನ್ನು ತನ್ನೊಳಗೆ ಬರಮಾಡಿಕೊಂಡ ಮೇಲೆ, ಅಂಥ ಶಕ್ತಿಯೆದುರು ಮನುಷ್ಯನು ಯಾವುದನ್ನು ನೆಮ್ಮಿ ನಿಲ್ಲಬೇಕೆಂಬ ಪ್ರಶ್ನೆಯನ್ನು ಕೇಳಿಕೊಳ್ಳದೆ ಗತ್ಯಂತರವಿರಲಿಲ್ಲ. ಆ ಪ್ರಶ್ನೆ ಹುಟ್ಟಿದ ಕಾಲ ಯಾವುದು, ದೊರೆತ ಉತ್ತರಗಳು ಎಂಥವು ಎಂಬುದೇ ನಮ್ಮ ವಿಚಾರ.

ಪೂರ್ವಪೀಠಿಕೆಯನ್ನು ಸಂಕ್ಷೇಪವಾಗಿ ಹೇಳಬಹುದು. 1938ರ ಜೂನ್ ತಿಂಗಳ ಹೆಸರು ಹೊತ್ತು ಹೊರಬಂದ ‘ಆಕ್ಷನ್ ಕಾಮಿಕ್ಸ್’ ಪತ್ರಿಕೆಯ ಪ್ರಥಮ ಸಂಚಿಕೆಯಲ್ಲಿ ಜೆರಿ ಸೀಗಲ್ ಮತ್ತು ಜೋ ಶೂಸ್ಟರ್ ಎಂಬ ತರುಣರು ಸೂಪರ್‌ಮ್ಯಾನನನ್ನು ಲೋಕದ ಮುಂದಿಟ್ಟರು. ಆಗಿನ ಸೂಪರ್‌ಮ್ಯಾನನಿಗೆ ಹಾರಲೂ ಬರುತ್ತಿರಲಿಲ್ಲ, ಮೈಲಿಯ ಎಂಟನೆಯ ಒಂದು ಭಾಗದಷ್ಟು ನೆಗೆಯಬಲ್ಲವನಾಗಿದ್ದನು. ಅವನ ಶತ್ರುಗಳು ಹೆಂಡತಿಯನ್ನು ಹೊಡೆಯುವ ಗಂಡ, ಲಂಚಕ್ಕೆ ಒಳಗಾದ ರಾಜಕಾರಣಿ ಇಂಥವರು. ದೇವರೆಂಬುವನು ಈ ಪುಟಗಳಿಗೆ ಬಂದಾಗಲೂ ಪರಿಚಿತವಾದ ವೇಷದಲ್ಲಿಯೇ ಬಂದನು. 1940ರಲ್ಲಿ ತೋರಿದ ‘ಸ್ಪೆಕ್ಟರ್’ ಎಂಬ ಪಾತ್ರ ಕೊಲೆಗೀಡಾದ ಪತ್ತೇದಾರನೊಬ್ಬನ ಪ್ರೇತ. ಪಾಪಿಗಳನ್ನು ದಂಡಿಸೆಂದು ಸ್ವರ್ಗದಿಂದ ಒಂದು ಧ್ವನಿ ಅವನನ್ನು ಹಿಂದಕ್ಕೆ ಕಳುಹಿಸುತ್ತದೆ. ಅದೇ ವರ್ಷದ ಕ್ಯಾಪ್ಟನ್ ಮಾರ್ವೆಲ್ ಎಂಬವನು ಸಾಲೊಮನ್, ಹರ್ಕ್ಯುಲಿಸ್, ಜ್ಯೂಸ್ ಮೊದಲಾದವರ ಹೆಸರುಗಳ ಮೊದಲಕ್ಷರಗಳನ್ನು ಒಂದುಗೂಡಿಸಿ ಉಚ್ಚರಿಸಿ ಬಲವನ್ನು ಪಡೆಯುವನು. ಇವೆಲ್ಲವೂ ಹಳೆಯ ದೇವತೆಗಳಿಂದ ತಂದ ಕೈಗಡವೆಂದೇ ಹೇಳಬೇಕು. ಇಲ್ಲಿ ಧರ್ಮಾಧರ್ಮಗಳ ತಕ್ಕಡಿ ಅಲುಗಿಲ್ಲ.

1954ರಲ್ಲಿ ಈ ವ್ಯಾಪಾರಕ್ಕೆ ದೊಡ್ಡ ಪೆಟ್ಟು ಬಿದ್ದಿತು. ಚಿತ್ರಕಥೆಗಳು ಬಾಲಕರನ್ನು ಕೆಡಿಸುತ್ತಿವೆಯೆಂದು ಫ್ರೆಡ್ರಿಕ್ ವರ್ಥಮ್ ಎಂಬ ಮನೋವೈದ್ಯನು ಗ್ರಂಥ ಬರೆದನು. ಸೆನೆಟ್ಟಿನ ಉಪಸಮಿತಿಯೊಂದು ವಿಚಾರಣೆ ನಡೆಸಿತು. ಪ್ರಕಾಶಕರು ತಮಗೆ ತಾವೇ ಕಟ್ಟುನಿಟ್ಟಾದ ಸಂಹಿತೆಯೊಂದನ್ನು ವಿಧಿಸಿಕೊಂಡರು. ರಕ್ತ, ಪಿಶಾಚಿ, ಶವಗಳೆಲ್ಲ ನಿಷಿದ್ಧವಾದ ಮೇಲೆ ಉಳಿದ ಸುರಕ್ಷಿತವಾದ ಭೀತಿಯೆಂದರೆ ಆಕಾಶದಿಂದ ಇಳಿದುಬರುವ ಭೂತಾಕಾರದ ಪ್ರಾಣಿಗಳು. ಮುಂದೆ ಮಾರ್ವೆಲ್ ಎಂದು ಪ್ರಸಿದ್ಧವಾದ ಸಂಸ್ಥೆಯಲ್ಲಿ ಸ್ಟ್ಯಾನ್ ಲೀ ಎಂಬ ಸಂಪಾದಕನೂ ಜ್ಯಾಕ್ ಕರ್ಬಿ ಎಂಬ ಚಿತ್ರಕಾರನೂ ಇಂಥ ಪ್ರಾಣಿಗಳನ್ನು ತಿಂಗಳು ತಿಂಗಳು ತಯಾರಿಸುತ್ತಿದ್ದರು. 1960ರಲ್ಲಿ ಬಂದ ಗ್ರೂಟ್ ಎಂಬ ನಡೆದಾಡುವ ಮರದ ದೈತ್ಯನು ಊರೊಂದನ್ನೇ ಕಿತ್ತೊಯ್ಯಲು ಹವಣಿಸಿ, ಕಡೆಗೆ ಜೀವಶಾಸ್ತ್ರಜ್ಞನೊಬ್ಬನು ಸಾಕಿ ಬಿಟ್ಟ ಗೆದ್ದಲುಗಳಿಂದ ಸೋಲುತ್ತಾನೆ. ಈ ಕಥೆಗಳು ನಗು ಬರಿಸುವಂಥವು. ಆದರೂ ಮುಂದಿನ ವಿಶ್ವಶಕ್ತಿಗಳ ಮೈಯಳತೆ ಇಲ್ಲಿ ಸಿದ್ಧವಾಯಿತೆಂಬುದನ್ನು ಮರೆಯಲಾಗದು. ಇನ್ನು ಬೇಕಾಗಿದ್ದುದು ಗೆದ್ದಲುಗಳಿಗೆ ಬಗ್ಗದ ದೈತ್ಯನೊಬ್ಬನೇ.

1961ರ ಏಪ್ರಿಲ್ 12ರಂದು ಯೂರಿ ಗಗಾರಿನ್ ಭೂಮಿಯನ್ನು ಸುತ್ತಿಬಂದನು. ಅದೇ ವರ್ಷದ ನವೆಂಬರ್ ತಿಂಗಳ ಹೆಸರಿನಲ್ಲಿ ಲೀ ಮತ್ತು ಕರ್ಬಿಯರ ‘ಫೆಂಟಾಸ್ಟಿಕ್ ಫೋರ್’ ಪತ್ರಿಕೆ ಆರಂಭವಾಯಿತು. ರಷ್ಯನ್ನರಿಗಿಂತ ಮೊದಲೇ ಅಂತರಿಕ್ಷವನ್ನು ಸೇರಬೇಕೆಂಬ ಆತುರದಲ್ಲಿ ಹೊರಟ ನಾಲ್ವರು ವಿಶ್ವಕಿರಣಗಳ ಹೊಡೆತಕ್ಕೆ ಸಿಕ್ಕಿ ಅತಿಮಾನವರಾದರೆಂಬುದು ಅದರ ಮೂಲಕಥೆ. 1963ರ ಏಪ್ರಿಲ್ ತಿಂಗಳ 13ನೆಯ ಸಂಚಿಕೆಯಲ್ಲಿ ಇವರು ಚಂದ್ರಲೋಕಕ್ಕೆ ಹೋಗುತ್ತಾರೆ. ಅಲ್ಲಿಗೆ ಮೂರು ವಾನರಗಳೊಡನೆ ರಷ್ಯದ ವಿಜ್ಞಾನಿಯೊಬ್ಬನೂ ಬಂದಿರುತ್ತಾನೆ. ಇವರಿಬ್ಬರ ಜಗಳಕ್ಕೆ ಸಾಕ್ಷಿಯಾಗಿ ಚಂದ್ರನ ಮೇಲಿನ ಪಾಳುನಗರವೊಂದರಲ್ಲಿ ಅಪಾರ ವಯಸ್ಸಿನ ‘ವಾಚರ್’, ಅಂದರೆ ನೋಡುವವನು, ಕಾಣಿಸಿಕೊಳ್ಳುತ್ತಾನೆ. ನೋಡುವುದೊಂದೇ ಅವನ ವ್ರತ, ಯಾವುದರಲ್ಲಿಯೂ ಕೈಯಿಡಕೂಡದು. ನಮಗೆ ತೋರುವಂತೆ ಈ ವರ್ಗದ ಮೊದಲ ಸಾಚಾ ಪಾತ್ರ ಇದೇ. ಶೀತಲಯುದ್ಧದ ಎರಡು ಪಕ್ಷಗಳಿರುವ ಪುಟದಲ್ಲಿಯೇ, ಎರಡು ಪಕ್ಷಗಳಿಗೂ ಹೊರಗಾದ ಕಣ್ಣೊಂದು ಮೂಡಿತೆಂಬುದು ವಿಚಾರಾರ್ಹ.

ಆ ವ್ರತಕ್ಕೆ ಕಾರಣವನ್ನು 1964ರ ಸಣ್ಣ ಕಥೆಯೊಂದು ತಿಳಿಸುತ್ತದೆ. ವಾಚರನ ಕುಲದವರು ಬಹು ಹಿಂದೆ ಪರೋಪಕಾರಬುದ್ಧಿಯಿಂದ ಒಂದು ಹಿಂದುಳಿದ ಗ್ರಹದ ಜನರಿಗೆ ಪರಮಾಣುಶಕ್ತಿಯ ರಹಸ್ಯವನ್ನು ಕಲಿಸಿದರು. ಆ ಜನ ಅದರಿಂದ ಆಯುಧಗಳನ್ನು ಮಾಡಿಕೊಂಡು ತಮ್ಮನ್ನು ತಾವೇ ನಾಶಪಡಿಸಿಕೊಂಡರು. ಅಂದಿನಿಂದ ಆ ಕುಲದವರು ನೋಡುವರೇ ಹೊರತು ಕೊಡುವವರಲ್ಲ. ಹಿರೋಷಿಮಾದ ಹತ್ತೊಂಬತ್ತು ವರ್ಷಗಳ ತರುವಾಯ, ಕ್ಯೂಬಾದ ಬಿಕ್ಕಟ್ಟಿನ ಎರಡು ವರ್ಷಗಳೊಳಗಾಗಿ ಇದು ಅಚ್ಚಾಯಿತು. ಅಣುವಿದ್ಯೆಯನ್ನು ದಯಪಾಲಿಸಿದ ದೇವತೆಗಳೇ ಪಶ್ಚಾತ್ತಾಪದಿಂದ ಕೈಕಟ್ಟಿ ಕುಳಿತಿದ್ದಾರೆಂಬ ಈ ಚಿತ್ರವನ್ನು ಕೇವಲ ಮಕ್ಕಳ ಕಥೆಯೆಂದು ತಳ್ಳಿಹಾಕುವುದು ಹೇಗೆ?

ಈಗ ಮುಖ್ಯ ಪ್ರಸಂಗಕ್ಕೆ ಬರೋಣ. ‘ಫೆಂಟಾಸ್ಟಿಕ್ ಫೋರ್’ ಪತ್ರಿಕೆಯ 48, 49, 50ನೆಯ ಸಂಚಿಕೆಗಳು 1966ರ ಮಾರ್ಚ್, ಏಪ್ರಿಲ್, ಮೇ ತಿಂಗಳುಗಳ ಹೆಸರಿನಲ್ಲಿ ಹೊರಬಂದುವು. ಗೆಲಾಕ್ಟಸ್ ಎಂಬ ಗ್ರಹಭಕ್ಷಕನ ಆಗಮನವೇ ಇವುಗಳ ವಸ್ತು. ಇದನ್ನು ಇಂದು ಅಭಿಮಾನಿಗಳು ಮಹಾಕಾವ್ಯವೊಂದರ ಮೂರು ಕಾಂಡಗಳೆಂಬಂತೆ ಸ್ಮರಿಸುವರು. ಆದರೆ ಸಂಚಿಕೆಗಳನ್ನು ಕೈಯಲ್ಲಿ ಹಿಡಿದು ನೋಡಿದರೆ ಬೇರೆಯೇ ಸಂಗತಿ ಕಾಣುತ್ತದೆ. 48ನೆಯದರ ಮೊದಲ ಭಾಗವೆಲ್ಲ ಹಿಂದಿನ ಕಥೆಯೊಂದರ ಶೇಷ. 50ನೆಯದರ ನಡುವಿನಲ್ಲಿಯೇ ಗೆಲಾಕ್ಟಸನು ಹೊರಟುಹೋಗುತ್ತಾನೆ, ಉಳಿದ ಪುಟಗಳಲ್ಲಿ ನಾಲ್ವರಲ್ಲಿ ಕಿರಿಯನಾದ ಜಾನಿ ಎಂಬವನು ಕಾಲೇಜಿಗೆ ಸೇರಿಕೊಳ್ಳುವ ವೃತ್ತಾಂತವಿದೆ. ಲೋಕವಿನಾಶ ತಪ್ಪಿದ ಮರುಕ್ಷಣವೇ ಕಾಲೇಜಿನ ಪ್ರವೇಶದ ಚಿಂತೆ! ಅಧ್ಯಾಪಕರಾದ ನಮಗೆ ಇದು ಅಷ್ಟೇನೂ ಅಸ್ವಾಭಾವಿಕವೆಂದು ತೋರುವುದಿಲ್ಲ. ಕಥೆಯನ್ನು ಹೆಣೆದವರಿಗೆ ತಾವು ಏನನ್ನು ಮಾಡುತ್ತಿದ್ದೇವೆಂಬ ಪೂರ್ಣವಾದ ಅರಿವಿರಲಿಲ್ಲವೆನ್ನುವುದಕ್ಕೂ ಇದು ಸಾಕ್ಷಿ.

ಕಥೆ ಹೀಗಿದೆ. ಬೆಳ್ಳಿಯ ಮೈಯ ದೂತನೊಬ್ಬನು ಅಲೆಗಳ ಮೇಲೆ ಜಾರುವ ಹಲಗೆಯಂಥ ವಾಹನದಲ್ಲಿ ನಿಂತು ಅಂತರಿಕ್ಷದಲ್ಲಿ ತನ್ನ ಒಡೆಯನಿಗೆ ಆಹಾರವನ್ನು ಹುಡುಕುತ್ತಿರುತ್ತಾನೆ. ಇವನೇ ಸಿಲ್ವರ್ ಸರ್ಫರ್. ಇವನ ಕಣ್ಣಿಗೆ ಭೂಮಿ ಬೀಳದಿರಲೆಂದು ವಾಚರನು ತನ್ನ ವ್ರತವನ್ನೇ ಮುರಿದು, ಆಕಾಶವನ್ನು ಮೊದಲು ಬೆಂಕಿಯಿಂದಲೂ ಅನಂತರ ಬಂಡೆಗಳಿಂದಲೂ ಮುಚ್ಚುತ್ತಾನೆ. ಅದು ಫಲಿಸುವುದಿಲ್ಲ. ಗೆಲಾಕ್ಟಸನು ನ್ಯೂಯಾರ್ಕ್ ನಗರದ ಸೌಧವೊಂದರ ಮಾಳಿಗೆಯ ಮೇಲೆ ಇಳಿದು, ಭೂಮಿಯ ಜೀವಶಕ್ತಿಯನ್ನು ಹೀರುವ ಯಂತ್ರವನ್ನು ಜೋಡಿಸತೊಡಗುತ್ತಾನೆ. ನಾಲ್ವರು ಅವನ ಮೇಲೆ ಬೀಳುತ್ತಾರೆ. ಅವನು ಅವರನ್ನು ಕೀಟಗಳಂತೆ ಕೊಡವುತ್ತಾನೆ. ಅವನಲ್ಲಿ ದ್ವೇಷವಿಲ್ಲ. ಅವನಿಗೆ ಹಸಿವಾಗಿದೆ, ಅಷ್ಟೇ. ನಲವತ್ತೆಂಟು ತಿಂಗಳಿಗೂ ಮೀರಿ ಖಳರನ್ನು ಗುದ್ದಿ ಗೆದ್ದವರಿಗೆ ಇಲ್ಲಿ ಗುದ್ದಲು ಒಬ್ಬ ಖಳನೇ ಇಲ್ಲ.

ಹಾಗಾದರೆ ಭೂಮಿ ಉಳಿದುದು ಯಾವುದರಿಂದ? ಕಥೆ ಎರಡು ಉತ್ತರಗಳನ್ನು ಕೊಡುತ್ತದೆ. ಅವು ಪರಸ್ಪರ ಹೊಂದುವುವಲ್ಲ. ಮೊದಲನೆಯದು ಅಲಿಷಿಯಾ ಎಂಬ ಕುರುಡಿಯಾದ ಶಿಲ್ಪಿಯದು. ಪೆಟ್ಟು ತಿಂದ ಸರ್ಫರನು ಅವಳ ಮನೆಯ ಗಾಜಿನ ಮಾಡಿನ ಮೂಲಕ ಒಳಕ್ಕೆ ಬೀಳುತ್ತಾನೆ. ಅವಳು ಅತಿಥಿಯೆಂದು ಆಹಾರವನ್ನು ಮುಂದಿಡುತ್ತಾಳೆ. ತಿನ್ನುವುದೆಂದರೇನೆಂದು ಅರಿಯದ ಅವನು ಅದನ್ನು ಶಕ್ತಿಯಾಗಿ ಕರಗಿಸಿ ಹೀರಿಕೊಳ್ಳುತ್ತಾನೆ. ಅವನ ಒಡೆಯ ಗ್ರಹಗಳಿಗೆ ಮಾಡುವುದನ್ನೇ ಅವನು ಅವಳ ತಟ್ಟೆಗೆ ಮಾಡಿ ತೋರಿಸುವ ಈ ಸನ್ನಿವೇಶ ಇಡೀ ಕಥೆಯ ಹೃದಯವೆಂದು ನಮ್ಮ ಮತ. ಅವಳು ಅವನೊಡನೆ ವಾದಿಸುತ್ತಾಳೆ, ಬೇಡುತ್ತಾಳೆ, ಕೆಳಗಿನ ಬೀದಿಯ ಜನರ ಕಡೆಗೆ ಅವನ ಮನಸ್ಸನ್ನು ತಿರುಗಿಸುತ್ತಾಳೆ. ದೂತನು ಒಡೆಯನ ವಿರುದ್ಧ ನಿಲ್ಲುತ್ತಾನೆ. ಎರಡನೆಯ ಉತ್ತರ ಒಂದು ಆಯುಧ. ವಾಚರನ ಸಹಾಯದಿಂದ ಜಾನಿಯು ಗೆಲಾಕ್ಟಸನ ನೆಲೆಯಿಂದ ಅಂಗೈಯಲ್ಲಿ ಹಿಡಿಯುವಷ್ಟು ಚಿಕ್ಕದಾದ ‘ಅಲ್ಟಿಮೇಟ್ ನಲಿಫೈಯರ್’ ಎಂಬ ಯಂತ್ರವನ್ನು ತರುತ್ತಾನೆ. ಅದನ್ನು ಪ್ರಯೋಗಿಸಿದರೆ ಎಲ್ಲವೂ ನಿರ್ನಾಮ. ರೀಡ್ ರಿಚರ್ಡ್ಸ್ ಅದನ್ನು ಎತ್ತಿ ಹಿಡಿದೊಡನೆ ಗೆಲಾಕ್ಟಸನು ಒಪ್ಪಂದಕ್ಕೆ ಬರುತ್ತಾನೆ. ಆಯುಧವನ್ನು ಬಿಟ್ಟುಕೊಡು, ನಾನು ಹೊರಡುತ್ತೇನೆ ಎನ್ನುತ್ತಾನೆ. ಹೋಗುವ ಮುನ್ನ ದೂತನ ಅಂತರಿಕ್ಷಸಂಚಾರದ ಶಕ್ತಿಯನ್ನು ಕಿತ್ತುಕೊಂಡು ಅವನನ್ನು ಭೂಮಿಯಲ್ಲಿಯೇ ಬಂಧಿಸುತ್ತಾನೆ.

ಇವುಗಳಲ್ಲಿ ಎರಡನೆಯ ಉತ್ತರ ಆ ಕಾಲದ ರಾಜ್ಯನೀತಿಯ ಪಡಿಯಚ್ಚು. ಬಳಸಲು ಅಸಾಧ್ಯವಾದ, ಆದಕಾರಣವೇ ಶತ್ರುವನ್ನು ತಡೆದು ನಿಲ್ಲಿಸುವ ಆಯುಧವೆಂಬ ಸಿದ್ಧಾಂತದ ಆಸರೆಯಲ್ಲಿಯೇ 1962ರ ಅಕ್ಟೋಬರ್ ತಿಂಗಳಿನ ಬಳಿಕ ವಾಷಿಂಗ್ಟನ್ನೂ ಮಾಸ್ಕೋವೂ ನಿದ್ರಿಸುತ್ತಿದ್ದುವು. ಆ ಉತ್ತರ ಆ ದಿನಗಳ ವಾಚಕನಿಗೆ ಪರಿಚಿತವಾಗಿದ್ದುದರಿಂದ ಅವನನ್ನು ಸಮಾಧಾನಪಡಿಸಿರಬೇಕು. ಆದರೆ ಅವನು ಮರೆಯದೆ ಉಳಿಸಿಕೊಂಡುದು ಮೊದಲನೆಯದನ್ನು. ಶಿಕ್ಷೆಗೊಳಗಾದ ದೂತನು 1968ರಲ್ಲಿ ಸ್ವಂತದ ಪತ್ರಿಕೆಯನ್ನೇ ಪಡೆದನು. ಆ ಯಂತ್ರವನ್ನು ಕುರಿತು ಯಾರೂ ಕಣ್ಣೀರು ಸುರಿಸಿದಂತಿಲ್ಲ.

ಚಿತ್ರಗಳ ವಿಷಯವಾಗಿ ಎರಡು ಮಾತು. ಅಗ್ಗದ ಕಾಗದ, ನಾಲ್ಕೇ ಬಣ್ಣ, ಒರಟು ಅಚ್ಚು, ಇವುಗಳೊಳಗೆ ಅನಂತತೆಯನ್ನು ತೋರಿಸಬೇಕಾಗಿತ್ತು. ಕರ್ಬಿಯು ಅದಕ್ಕೆ ಕಂಡುಕೊಂಡ ಉಪಾಯವೆಂದರೆ ದಟ್ಟವಾದ ಕಪ್ಪು ಚುಕ್ಕೆಗಳ ಗುಂಪು. ಬಣ್ಣ ಬಳಿಯದೆ ಉಳಿದ ಎಡೆಗಳು ಉರಿಯುವಂತೆಯೂ ಚುಕ್ಕೆಗಳು ಕುದಿಯುವಂತೆಯೂ ಕಾಣುತ್ತವೆ. ಕೆಲವೊಮ್ಮೆ ಛಾಯಾಚಿತ್ರಗಳ ತುಣುಕುಗಳನ್ನು ಕತ್ತರಿಸಿ ಅಂಟಿಸಿ ಪರಲೋಕಗಳನ್ನು ಕಟ್ಟುತ್ತಿದ್ದನು. ಗೆಲಾಕ್ಟಸನ ಎತ್ತರ ಚೌಕದಿಂದ ಚೌಕಕ್ಕೆ ಬದಲಾಗುತ್ತದೆ. ಒಮ್ಮೆ ಕಟ್ಟಡದಷ್ಟು, ಒಮ್ಮೆ ಅದಕ್ಕಿಂತ ಬಹಳ ಕಡಿಮೆ. ಅಳತೆಗೆ ಸಿಕ್ಕದಿರುವುದೇ ಅವನ ಅಳತೆಯೆಂದು ನಮಗೆ ತೋರುತ್ತದೆ. ಇಷ್ಟಾದರೂ ಮೊದಲ ದರ್ಶನದಲ್ಲಿ ಆ ಲೋಕಭಕ್ಷಕನ ಎದೆಯ ಮೇಲೆ ಅವನ ಹೆಸರಿನ ಮೊದಲಕ್ಷರವನ್ನು ರೋಮನ್ ಲಿಪಿಯಲ್ಲಿ ಬರೆದಿದ್ದುದು, ಶಾಲಾಬಾಲಕನ ಅಂಗಿಯ ಮೇಲಿನ ಗುರುತಿನಂತೆ, ನಗೆಯನ್ನು ತರಿಸದಿರದು.

ಇಲ್ಲಿ ಇತಿಹಾಸಕಾರನಿಗೆ ನೇರವಾಗಿ ಸಂಬಂಧಿಸಿದ ಪ್ರಶ್ನೆಯೊಂದು ತಲೆದೋರುತ್ತದೆ. ಈ ಕಲ್ಪನೆಯ ಕರ್ತೃ ಯಾರು? ಆ ಸಂಸ್ಥೆಯ ಕ್ರಮದಂತೆ ಲೀ ಮತ್ತು ಚಿತ್ರಕಾರ ಮೊದಲು ಸಂಕ್ಷೇಪವಾಗಿ ಮಾತನಾಡುವರು. ಚಿತ್ರಕಾರ ಕಥೆಯನ್ನೆಲ್ಲ ಪುಟಪುಟವಾಗಿ ಬರೆದು ತರುವನು. ಆಮೇಲೆ ಲೀ ಸಂಭಾಷಣೆಯನ್ನು ತುಂಬುವನು. ಹೀಗಿರುವಲ್ಲಿ ಕತೆಗಾರ ಯಾರು, ಚಿತ್ರಕಾರ ಯಾರು ಎಂದು ಗೆರೆ ಎಳೆಯುವುದು ಸುಲಭವಲ್ಲ. ಲೀಯು ವೃದ್ಧಾಪ್ಯದವರೆಗೂ ಹೇಳುತ್ತಿದ್ದ ಸಂಗತಿಯೊಂದುಂಟು: ಗೆಲಾಕ್ಟಸನ ಕಥೆಯ ಪುಟಗಳು ಬಂದಾಗ ಹಲಗೆಯ ಮೇಲೆ ನಿಂತ ಅಪರಿಚಿತನೊಬ್ಬನು ಅವುಗಳಲ್ಲಿ ಕಂಡನು, ಅವನ ವಿಷಯ ತಾವಿಬ್ಬರೂ ಮಾತನಾಡಿಯೇ ಇರಲಿಲ್ಲ, ಇಂಥ ಮಹಾಶಕ್ತಿಗೆ ಮುಂದೂತನೊಬ್ಬನು ಬೇಕೆಂದು ಕರ್ಬಿಯು ತಾನಾಗಿಯೇ ಸೇರಿಸಿದ್ದನು ಎಂದು. ಕರ್ಬಿಯಾದರೋ ಬೈಬಲಿನ ಪ್ರೇರಣೆಯಿಂದ ತಾನೇ ಇವರಿಬ್ಬರನ್ನೂ ಸೃಷ್ಟಿಸಿದುದಾಗಿ ನಂತರದ ಸಂದರ್ಶನಗಳಲ್ಲಿ ಹೇಳಿದನು. ಇಬ್ಬರ ಮಾತುಗಳೂ ಘಟನೆಯ ಬಹುಕಾಲದ ಮೇಲೆ, ವಿವಾದ ಎದ್ದ ಮೇಲೆ ಬಂದವು. ಆದ್ದರಿಂದ ನಾವು ಸಮಕಾಲೀನ ಸಾಕ್ಷ್ಯಕ್ಕೆ ಹೆಚ್ಚಿನ ಬೆಲೆ ಕೊಡಬೇಕಾಗುತ್ತದೆ. ಆ ವರ್ಷಗಳ ಮೂಲಪುಟಗಳು ಕೆಲವು ಉಳಿದುಬಂದಿವೆ. ಅವುಗಳ ಅಂಚಿನಲ್ಲಿ, ಚಿತ್ರದಲ್ಲಿ ಏನು ನಡೆಯುತ್ತಿದೆ, ಯಾರು ಏನು ಹೇಳುತ್ತಿದ್ದಾರೆ ಎಂಬ ಟಿಪ್ಪಣಿಗಳು ಕರ್ಬಿಯ ಹಸ್ತಾಕ್ಷರದಲ್ಲಿಯೇ ಇವೆ. ತಾಮ್ರಪಟದ ಕಂಡರಣೆಗಾರನನ್ನೂ ಶಾಸನಕವಿಯನ್ನೂ ಬೇರ್ಪಡಿಸಿ ನೋಡಲು ಕಲಿತವರಿಗೆ ಈ ಅಂಚಿನ ಬರಹದ ಮಹತ್ವವನ್ನು ವಿವರಿಸಬೇಕಾಗಿಲ್ಲ. ಕಥೆಯ ಎಲುಬುಗೂಡು ಕರ್ಬಿಯದು, ನಾಲಗೆ ಲೀಯದು ಎಂದು ನಾವು ತೀರ್ಮಾನಿಸುತ್ತೇವೆ.

ಕರ್ಬಿಯ ಜೀವನವೂ ಇಲ್ಲಿ ಪ್ರಸ್ತುತ. ಅವನು 1917ರಲ್ಲಿ ನ್ಯೂಯಾರ್ಕಿನ ಬಡವರ ಕೇರಿಯಲ್ಲಿ, ಆಸ್ಟ್ರಿಯಾದಿಂದ ಬಂದ ಯೆಹೂದ್ಯ ದಂಪತಿಗಳ ಮಗನಾಗಿ ಹುಟ್ಟಿದನು. 1944ರ ಆಗಸ್ಟಿನಲ್ಲಿ ಪದಾತಿಯಾಗಿ ನಾರ್ಮಂಡಿಯ ತೀರದಲ್ಲಿ ಇಳಿದು, ಆ ಚಳಿಗಾಲದಲ್ಲಿ ಹಿಮದಿಂದ ಕಾಲು ಸೆಟೆದು ಆಸ್ಪತ್ರೆ ಸೇರಿದನು. ನಗರಗಳು ಆಹಾರವಾಗುವುದನ್ನು ಕಣ್ಣಾರೆ ಕಂಡವನ ಕೈ ಗೆಲಾಕ್ಟಸನನ್ನು ಬರೆಯಿತೆಂಬುದನ್ನು ನಾವು ನೆನಪಿನಲ್ಲಿಡಬೇಕು.

ಇದೇ ಕಾಲದಲ್ಲಿ ಸ್ಟೀವ್ ಡಿಟ್ಕೊ ಎಂಬ ಚಿತ್ರಕಾರನು ಬೇರೊಂದು ದಾರಿಯನ್ನು ಹಿಡಿದಿದ್ದನು. 1965ರ ನವೆಂಬರ್ ತಿಂಗಳ ‘ಸ್ಟ್ರೇಂಜ್ ಟೇಲ್ಸ್’ ಪತ್ರಿಕೆಯ 138ನೆಯ ಸಂಚಿಕೆಯಲ್ಲಿ, ಮಾಂತ್ರಿಕನಾದ ಡಾಕ್ಟರ್ ಸ್ಟ್ರೇಂಜನು ‘ಇಟರ್ನಿಟಿ’ ಎಂಬ ಶಕ್ತಿಯನ್ನು ಕಾಣುತ್ತಾನೆ. ಮನುಷ್ಯಾಕಾರದ ಹೊರರೇಖೆ, ಅದರೊಳಗೆ ಮಾಂಸವಿಲ್ಲ, ನಕ್ಷತ್ರಗಳೂ ಗ್ರಹಗಳೂ ತೇಲುವ ಬಾನು. ಶತ್ರುವನ್ನು ಜಯಿಸಲು ಬಲವನ್ನು ಬೇಡಬಂದವನಿಗೆ ಇಟರ್ನಿಟಿ ಬಲವನ್ನು ಕೊಡುವುದಿಲ್ಲ. ಬೇಕಾದುದು ನಿನ್ನಲ್ಲಿಯೇ ಇದೆಯೆಂದು ತಿಳಿಸಿ ಕಳುಹಿಸುತ್ತದೆ. ನಮ್ಮ ವಾಚಕರಿಗೆ ಒಡನೆಯೇ ವಿಶ್ವರೂಪದರ್ಶನ ನೆನಪಾಗುವುದು. ಸಾದೃಶ್ಯವೇ ಸಂಬಂಧವೆಂದು ಸಾರುವ ಉತ್ಸಾಹ ನಮ್ಮಲ್ಲಿ ಹೆಚ್ಚು. ಅದನ್ನು ಸ್ವಲ್ಪ ಹತೋಟಿಯಲ್ಲಿಡುವುದು ಮೇಲು. ಗೀತೆಯಲ್ಲಿ ಅರ್ಜುನನು ನಡುಗಿ, ಹಿಂದಿನ ಪರಿಚಿತ ರೂಪವನ್ನು ತೋರೆಂದು ಬೇಡಿದಾಗ ಆ ರೂಪ ಮರಳುತ್ತದೆ; ಸಖನಾದ ಸಾರಥಿಯೇ ವಿಶ್ವವಾಗಿ ನಿಂತಿದ್ದನು. ಇಟರ್ನಿಟಿಗೆ ಮರಳಲು ಪರಿಚಿತವಾದ ರೂಪವೇ ಇಲ್ಲ. ಇಬ್ಬರು ಚಿತ್ರಿಸಿದ ಆಕಾಶ ಒಂದಾದರೂ, ಒಂದು ಕಡೆ ಅದು ಸ್ನೇಹಿತ, ಇನ್ನೊಂದು ಕಡೆ ಅಪರಿಚಿತ.

1967ರಲ್ಲಿ ಅದೇ ಪತ್ರಿಕೆಯಲ್ಲಿ ‘ಲಿವಿಂಗ್ ಟ್ರಿಬ್ಯೂನಲ್’ ಎಂಬ ಮೂರು ಮುಖದ ನ್ಯಾಯಾಧಿಪತಿ ತೋರಿ ಭೂಮಿಗೆ ಮರಣದಂಡನೆ ವಿಧಿಸುವುದೂ, ಸ್ಟ್ರೇಂಜನು ಅವಧಿ ಬೇಡಿ ಭೂಮಿಯ ಯೋಗ್ಯತೆಯನ್ನು ಸಾಧಿಸುವುದೂ ನಡೆಯಿತು. ವಿಶ್ವಶಕ್ತಿಯೆದುರು ಮನುಷ್ಯನ ಸ್ಥಾನ ಈಗ ಸ್ಪಷ್ಟವಾಯಿತು: ಅವನು ಯೋಧನಲ್ಲ, ವಕೀಲ.

1970ರಲ್ಲಿ ಕರ್ಬಿಯು ಮಾರ್ವೆಲನ್ನು ತೊರೆದು ಪ್ರತಿಸ್ಪರ್ಧಿ ಸಂಸ್ಥೆಯಾದ ಡಿ. ಸಿ.ಗೆ ಹೋದನು. ಅಲ್ಲಿ 1971ರಲ್ಲಿ ಆರಂಭಿಸಿದ ‘ನ್ಯೂ ಗಾಡ್ಸ್’ ಹನ್ನೊಂದೇ ಸಂಚಿಕೆಗಳಲ್ಲಿ ನಿಂತಿತು. ಹಳೆಯ ದೇವತೆಗಳು ಯುದ್ಧದಲ್ಲಿ ಮಡಿದ ಮೇಲೆ ಅವರ ಲೋಕ ಎರಡಾಗಿ ಸೀಳಿತು. ಎರಡರ ಅಧಿಪತಿಗಳೂ ಶಾಂತಿಗಾಗಿ ತಂತಮ್ಮ ಮಕ್ಕಳನ್ನು ಅದಲುಬದಲು ಮಾಡಿಕೊಂಡರು. ಒತ್ತೆಯಿಡುವ ಈ ಪದ್ಧತಿ ಮಧ್ಯಯುಗದ ರಾಜನೀತಿಯನ್ನು ಓದಿದವರಿಗೆ ಹೊಸದಲ್ಲ. ಆದರೆ ಇವರು ನಮ್ಮ ಅರ್ಥದಲ್ಲಿ ವಿಶ್ವಶಕ್ತಿಗಳಲ್ಲ. ಇವರಿಗೆ ಸಿಟ್ಟುಂಟು, ಸಂಸಾರವುಂಟು. ಆದಕಾರಣ ಇವರನ್ನು ಇಷ್ಟಕ್ಕೇ ಬಿಡುತ್ತೇವೆ.

ಮಾರ್ವೆಲಿಗೆ ಮರಳಿ ಬಂದು ಅವನು 1976ರ ಜುಲೈಯಿಂದ ಹೊರಡಿಸಿದ ‘ದಿ ಇಟರ್ನಲ್ಸ್’ ಪತ್ರಿಕೆಯ ‘ಸೆಲೆಸ್ಟಿಯಲ್’ಗಳು ಮಾತ್ರ ಈ ವರ್ಗದ ಪರಾಕಾಷ್ಠೆ. ಮೋಡ ಮುಟ್ಟುವ ಲೋಹಕವಚಗಳು, ಮುಖವಿಲ್ಲ, ಮಾತಿಲ್ಲ. ಮಾನವನನ್ನು ಬಹು ಹಿಂದೆ ಇವರೇ ಪ್ರಯೋಗದಿಂದ ರೂಪಿಸಿದರಂತೆ. ಈಗ ಆಂಡೀಸ್ ಪರ್ವತಗಳಲ್ಲಿ ಇಳಿದು ನಿಂತು, ಐವತ್ತು ವರ್ಷ ನೋಡಿ, ಭೂಮಿ ಉಳಿಯಬೇಕೋ ಅಳಿಯಬೇಕೋ ಎಂದು ಹೆಬ್ಬೆರಳಿನ ಸನ್ನೆಯಿಂದ ತಿಳಿಸುತ್ತಾರಂತೆ. ಬೇಡಿಕೊಳ್ಳಲು ಇಲ್ಲಿ ಕಿವಿಯೇ ಇಲ್ಲ. ಈ ಕಲ್ಪನೆಯ ಹಿಂದೆ ಎರಿಕ್ ಫಾನ್ ಡೆನಿಕನ್ ಎಂಬವನು 1968ರಲ್ಲಿ ಪ್ರಕಟಿಸಿ ಲೋಕದಲ್ಲೆಲ್ಲ ಮಾರಾಟವಾದ ಗ್ರಂಥದ ನೆರಳಿದೆ. ಪುರಾತನರ ಮಹಾನಿರ್ಮಾಣಗಳು ಅನ್ಯಗ್ರಹವಾಸಿಗಳ ನೆರವಿನಿಂದ ಆದವೆಂಬುದು ಅದರ ವಾದ. ಪುರಾತತ್ತ್ವಜ್ಞರು ಅದನ್ನು ನಿರಾಧಾರವೆಂದು ತಳ್ಳಿಹಾಕಿದ್ದಾರೆ. ಪೆರುವಿನ ಮತ್ತು ಈಜಿಪ್ಟಿನ ಕಲ್ಲುಕುಟಿಗರ ಬುದ್ಧಿಯನ್ನು ಅಲ್ಲಗಳೆಯುವ ಆ ವಾದಕ್ಕೆ ಇತಿಹಾಸದ ತರಗತಿಯಲ್ಲಿ ಎಡೆಯಿಲ್ಲ. ಕಥೆಯಾಗಿ ಅದು ಕರ್ಬಿಗೆ ಒದಗಿ ಬಂದಿತು. ಇಂಕಾ ಜನರ ಕೈಗೆಲಸಕ್ಕೆ ಮಾತ್ರ ಆ ಕಥೆಯಲ್ಲಿಯೂ ಅನ್ಯಾಯವೇ ಆಗಿದೆ.

ನಾವು ಕಡೆಯದಾಗಿ ಸ್ವಲ್ಪ ನಿಧಾನಿಸಿ ನೋಡಬೇಕಾದುದು 1984ರ ಜನವರಿ ತಿಂಗಳ ‘ಫೆಂಟಾಸ್ಟಿಕ್ ಫೋರ್’ 262ನೆಯ ಸಂಚಿಕೆಯನ್ನು. ಆಗ ಅದನ್ನು ಬರೆದು ಚಿತ್ರಿಸುತ್ತಿದ್ದವನು ಜಾನ್ ಬರ್ನ್. ಎರಡು ವರ್ಷಗಳ ಹಿಂದೆ ಸಾವಿನ ಅಂಚಿನಲ್ಲಿದ್ದ ಗೆಲಾಕ್ಟಸನ ಪ್ರಾಣವನ್ನು ರೀಡ್ ರಿಚರ್ಡ್ಸ್ ಉಳಿಸಿದ್ದನು. ಬದುಕಿಕೊಂಡ ಗೆಲಾಕ್ಟಸನು ಮುಂದೆ ಸ್ಕ್ರಲ್ ಎಂಬ ಜನಾಂಗದ ರಾಜಧಾನಿಯಾದ ಗ್ರಹವನ್ನು, ಅಲ್ಲಿನ ನಿವಾಸಿಗಳೊಡನೆ, ಭಕ್ಷಿಸಿದನು. ಹತರಾದವರ ಕಡೆಯವರು ಹಲವು ಲೋಕಗಳಿಂದ ನೆರೆದು ರೀಡನ ಮೇಲೆ ವಿಚಾರಣೆ ನಡೆಸುತ್ತಾರೆ. ಪ್ರಶ್ನೆ ಗಂಭೀರವಾದುದು: ಸಾಯುತ್ತಿದ್ದವನನ್ನು ಉಳಿಸಿದವನು ಆಮೇಲಿನ ಹತ್ಯೆಗಳಿಗೆ ಹೊಣೆಗಾರನೇ? ಲೇಖಕನು ತನ್ನನ್ನೇ ವರದಿಗಾರನ ಪಾತ್ರವಾಗಿ ಕಥೆಯೊಳಗೆ ಸೇರಿಸಿಕೊಂಡಿರುವ ವಿನೋದವನ್ನು ಬದಿಗಿರಿಸಿ ತೀರ್ಪನ್ನು ನೋಡೋಣ. ಗೆಲಾಕ್ಟಸನು ಇಟರ್ನಿಟಿಯನ್ನು ಸಾಕ್ಷಿಗೆ ಕರೆಯುತ್ತಾನೆ. ಒಂದು ಕ್ಷಣ ಅಲ್ಲಿ ನೆರೆದವರೆಲ್ಲರಿಗೂ ವಿಶ್ವದೊಡನೆ ಐಕ್ಯವಾದ ಅನುಭವವಾಗಿ, ಅವನ ಅಸ್ತಿತ್ವ ಸಮಸ್ತಕ್ಕೂ ಅವಶ್ಯಕವೆಂಬ ಅರಿವು ಮೂಡುತ್ತದೆ. ಆಪಾದನೆ ಬಿದ್ದುಹೋಗುತ್ತದೆ.

ಈ ತೀರ್ಪನ್ನು ನಾವು ಒಪ್ಪಲಾರೆವು. ಕರುಣೆಯಿಂದ ಮಾಡಿದ ಕಾರ್ಯಕ್ಕೆ ರೀಡನನ್ನು ದಂಡಿಸಬಾರದೆಂದಿದ್ದರೆ ಅದು ಬೇರೆಯ ಮಾತು. ಆ ವಾದಕ್ಕೆ ಬಲವಿದೆ. ಆದರೆ ಇಲ್ಲಿ ಗೆದ್ದುದು ಮತ್ತೊಂದು ವಾದ. ಸತ್ತವರ ಸಾವು ದೊಡ್ಡದೊಂದು ವ್ಯವಸ್ಥೆಗೆ ಬೇಕಾಗಿತ್ತು, ಆ ವ್ಯವಸ್ಥೆಯನ್ನು ತಿಳಿದವರು ದೂರುವುದಿಲ್ಲ ಎಂಬುದು ಅದು. ಇತಿಹಾಸದಲ್ಲಿ ಈ ಧ್ವನಿಯನ್ನು ನಾವು ಕೇಳಿದ್ದೇವೆ. 1876ರಿಂದ 1878ರವರೆಗಿನ ಮಹಾಕ್ಷಾಮದಲ್ಲಿ ಮದರಾಸು ಮತ್ತು ಮೈಸೂರು ಸೀಮೆಗಳ ಜನ ಲಕ್ಷಲಕ್ಷವಾಗಿ ಸಾಯುತ್ತಿದ್ದಾಗ, ಜನಸಂಖ್ಯೆಯ ನಿಯಮ, ಮಾರುಕಟ್ಟೆಯ ನಿಯಮ ಎಂದು ಆಡಳಿತದವರಲ್ಲಿ ಹಲವರು ಹೇಳಿದುದು ಇದೇ ಧಾಟಿಯಲ್ಲಿ. ಹಸಿವನ್ನು ಪ್ರಕೃತಿಯ ನಿಯಮವೆಂದು ಕರೆದೊಡನೆ ಹಸಿದವರಿಗೂ, ಭಕ್ಷಿತರಿಗೂ ಮಾತನಾಡುವ ಹಕ್ಕು ಹೋಗುತ್ತದೆ. 1966ರ ಕಥೆ ಗೆಲಾಕ್ಟಸನನ್ನು ದ್ವೇಷಿಸಲಿಲ್ಲ, ಹಾಗೆಯೇ ಸಮರ್ಥಿಸಲೂ ಇಲ್ಲ. ಅಲಿಷಿಯಾಳು ಎದುರು ನಿಂತು ಬೇಡವೆಂದಳು. ಹದಿನೆಂಟು ವರ್ಷಗಳ ಬಳಿಕ ಬೇಡವೆನ್ನಲು ನೆರೆದವರ ಬಾಯನ್ನು ದಿವ್ಯದರ್ಶನವೊಂದು ಮುಚ್ಚಿಸಿತು. ಚಿತ್ರದ ಕೌಶಲ ಬರ್ನನಲ್ಲಿ ಕಡಿಮೆಯಿಲ್ಲ. ಆದರೂ ಮನುಷ್ಯನ ಪಕ್ಷ ಇಲ್ಲಿ ಸೋತಿದೆಯೆಂದೇ ನಮ್ಮ ಅಭಿಪ್ರಾಯ. ವಿದ್ಯಾರ್ಥಿಗಳು ಎರಡನ್ನೂ ಜೊತೆಯಲ್ಲಿಟ್ಟು ಓದಿ, ಬೇಕಾದರೆ ನಮ್ಮೊಡನೆ ಜಗಳವಾಡಬಹುದು.

ವಿಶ್ವಶಕ್ತಿಗಳ ಇಳಿಗಾಲವೂ ಈ ವೇಳೆಗೆ ಆರಂಭವಾಗಿತ್ತು. 1983ರ ಜನವರಿಯಿಂದ ಮಾರ್ಕ್ ಗ್ರೂನ್‌ವಾಲ್ಡನ ನೇತೃತ್ವದಲ್ಲಿ ಮಾರ್ವೆಲ್ ಸಂಸ್ಥೆ ತನ್ನ ಪಾತ್ರಗಳ ಅಧಿಕೃತ ಕೈಪಿಡಿಯನ್ನು ಅಕಾರಾದಿಯಾಗಿ ಹೊರತಂದಿತು. ಜಿಲ್ಲೆಯ ಗೆಜೆಟಿಯರುಗಳಲ್ಲಿ ಬೆಟ್ಟಗಳ ಎತ್ತರವನ್ನು ನಮೂದಿಸುವಂತೆ ಅದರಲ್ಲಿ ಗೆಲಾಕ್ಟಸನ ಎತ್ತರ 28 ಅಡಿ 9 ಅಂಗುಲಗಳೆಂದು ದಾಖಲಾಗಿದೆ. ಚೌಕದಿಂದ ಚೌಕಕ್ಕೆ ಬೆಳೆಯುತ್ತಿದ್ದವನು ಮಟ್ಟಗೋಲಿಗೆ ಸಿಕ್ಕಿದನು. ಯಾವ ಶಕ್ತಿಯ ಮೇಲೆ ಯಾವುದು, ಯಾವುದರ ಕೆಳಗೆ ಯಾವುದು ಎಂಬ ಶ್ರೇಣಿಯೂ ಕ್ರಮೇಣ ಸಿದ್ಧವಾಯಿತು. 1991ರ ‘ಇನ್‌ಫಿನಿಟಿ ಗಾಂಟ್ಲೆಟ್’ ಎಂಬ ಆರು ಸಂಚಿಕೆಗಳ ಕಥೆಯಲ್ಲಿ, ಬೆರಳು ಚಿಟಿಕೆಯಿಂದ ವಿಶ್ವದ ಅರ್ಧದಷ್ಟು ಜೀವಿಗಳನ್ನು ಅಳಿಸಿದ ಥ್ಯಾನೋಸನ ಮೇಲೆ ಈ ಶಕ್ತಿಗಳೆಲ್ಲ ಸೈನ್ಯದಂತೆ ಸಾಲುಗಟ್ಟಿ ಏರಿಹೋಗಿ ಒಂದೊಂದಾಗಿ ಸೋಲುತ್ತವೆ. ಜಿಮ್ ಸ್ಟಾರ್ಲಿನ್ ಬರೆದ ಆ ಕಥೆಯಲ್ಲಿ ಚಮತ್ಕಾರ ಬೇಕಾದಷ್ಟಿದೆ. ಆದರೆ ಮುಷ್ಟಿಗೆ ನಿಲುಕದಿದ್ದುವು ಮತ್ತೆ ಮುಷ್ಟಿಯುದ್ಧಕ್ಕೇ ಇಳಿದುವು.

ಚಲನಚಿತ್ರಗಳ ಸಂಗತಿಯನ್ನು ಒಂದೆರಡು ವಾಕ್ಯಗಳಲ್ಲಿ ಹೇಳಬಹುದು. 2007ರ ಚಿತ್ರವೊಂದರಲ್ಲಿ ಗೆಲಾಕ್ಟಸನನ್ನು ಮನುಷ್ಯಾಕಾರದಲ್ಲಿ ತೋರಿಸಲು ನಿರ್ಮಾಪಕರಿಗೆ ಧೈರ್ಯ ಸಾಲದೆ ಅವನನ್ನು ದೊಡ್ಡ ಮೋಡವನ್ನಾಗಿ ಮಾಡಿದರು. ಮೋಡದೊಡನೆ ವಾದಿಸುವುದು ಯಾರಿಂದಲೂ ಆಗದು. 2025ರ ಚಿತ್ರದಲ್ಲಿ ಅವನು ಕರ್ಬಿಯ ಕೈ ಬರೆದ ಶಿರಸ್ತ್ರಾಣವನ್ನು ಧರಿಸಿ ಮರಳಿ ಬಂದಿದ್ದಾನೆ. ಈ ನಡುವೆ ಕರ್ತೃತ್ವದ ವ್ಯಾಜ್ಯ ನ್ಯಾಯಾಲಯಗಳಲ್ಲಿ ನಡೆಯಿತು. ಕರ್ಬಿಯು 1994ರಲ್ಲಿ ತೀರಿಕೊಂಡಿದ್ದನು. ಹಕ್ಕುಗಳನ್ನು ಮರಳಿ ಪಡೆಯಲು ಅವನ ಮಕ್ಕಳು 2009ರಲ್ಲಿ ನೋಟೀಸು ಕೊಟ್ಟರು. ಆ ಕೃತಿಗಳು ಸಂಸ್ಥೆಗಾಗಿ ಮಾಡಿದ ಕೂಲಿಯ ಕೆಲಸವೆಂದು 2013ರಲ್ಲಿ ಮೇಲ್ಮನವಿಯ ನ್ಯಾಯಾಲಯ ತೀರ್ಪಿತ್ತಿತು. ಮೊಕದ್ದಮೆ ಸರ್ವೋಚ್ಚ ನ್ಯಾಯಾಲಯದ ಬಾಗಿಲಲ್ಲಿದ್ದಾಗ, 2014ರ ಸೆಪ್ಟೆಂಬರಿನಲ್ಲಿ, ಉಭಯ ಪಕ್ಷದವರೂ ರಾಜಿ ಮಾಡಿಕೊಂಡರು. ರಾಜಿಯ ಷರತ್ತುಗಳು ಪ್ರಕಟವಾಗಲಿಲ್ಲ. ಆದರೆ ಅದಾದ ಮೇಲೆ ಅಚ್ಚಾದ ‘ಫೆಂಟಾಸ್ಟಿಕ್ ಫೋರ್’ ಸಂಚಿಕೆಗಳಲ್ಲಿ, ಇದರ ನಿರ್ಮಾತೃಗಳು ಸ್ಟ್ಯಾನ್ ಲೀ ಮತ್ತು ಜ್ಯಾಕ್ ಕರ್ಬಿ ಎಂಬ ಸಾಲನ್ನು ಕಾಣಬಹುದು.